ಮಂಜು, ನೆನಪು, ಬದಲಾವಣೆ: ಮೂರಕ್ಕೂ ಒಬ್ಬಳೇ ದೇವಿ ಆಗಬಹುದಾ?

ನಿಮ್ಮ ಫ್ಯಾಂಟಸಿ ಕಾದಂಬರಿಗೆ ಮಂಜಿನ ದೇವಿಯೊಬ್ಬಳನ್ನು ಕಲ್ಪಿಸಿದ್ದೀರಿ. ನೆನಪು, ಬದಲಾವಣೆ ಕೂಡ ಅವಳ ಕೈಯಲ್ಲೇ ಇವೆ. ಶಕ್ತಿಗಳ ಪಟ್ಟಿ ಉದ್ದ ಇದೆ, ಆದರೂ ಅವಳಿಗೆ ಜೀವ ಬರ್ತಿಲ್ಲ, ಮೂರೂ ಬೇರೆ ಬೇರೆಯಾಗಿಯೇ ಉಳಿದಿವೆ ಅಂತ ಬರೆದಿದ್ದೀರಿ. ಖಂಡಿತ ಒಂದಾಗುತ್ತವೆ. ಗೆಳೆಯರಿಗೆ ನಾನು ಭಾನುವಾರ ಆಡಿಸುವ, ಒಬ್ಬೊಬ್ಬರು ಒಂದೊಂದು ಪಾತ್ರ ಆಡುವ ಕಥೆಯಾಟದಲ್ಲಿ ಇಂಥದೇ ದೇವಿ ಇದ್ದಾಳೆ. ಹೆಸರು ಕಾವಳಮ್ಮ. ಕಾವಳ ಅಂದ್ರೆ ಮಂಜು.

ಮೊದಲು ಆ ಶಕ್ತಿಗಳ ಪಟ್ಟಿ ಪಕ್ಕಕ್ಕಿಡಿ. ಜನ ಅವಳಿಗೆ ಏನು ಕೊಡುತ್ತಾರೆ ಅಂತ ಯೋಚಿಸಿ. ಐರ್ಲೆಂಡಿನ ಹಳೆಯ ಕಥೆಗಳಲ್ಲಿ ಮನನಾನ್ ಅನ್ನುವ ಸಮುದ್ರ ದೇವರಿದ್ದಾನೆ. ಶತ್ರುಗಳು ಬಂದರೆ ಐಲ್ ಆಫ್ ಮ್ಯಾನ್ ದ್ವೀಪವನ್ನು ಮಂಜಿನಲ್ಲಿ ಮುಚ್ಚಿಬಿಡುತ್ತಿದ್ದನಂತೆ. ಅದಕ್ಕೆ ಅಲ್ಲಿನ ಜನ ಕೊಡುತ್ತಿದ್ದ ಕಂದಾಯ ವರ್ಷಕ್ಕೊಂದು ಹೊರೆ ಜೊಂಡು ಹುಲ್ಲು, ಅಷ್ಟೇ. ಇಂದಿಗೂ ಜುಲೈನಲ್ಲಿ ಆ ದ್ವೀಪದ ಶಾಸನಸಭೆ ಬಯಲಲ್ಲಿ ಸೇರುವಾಗ ನಡೆಯುವ ದಾರಿಗೆ ಜೊಂಡು ಹಾಸುತ್ತಾರೆ. ಆ ಒಂದು ಹೊರೆ ಹುಲ್ಲಿನಿಂದಲೇ ಆ ದೇವರು ನನಗೆ ನಿಜ ಅನ್ನಿಸುತ್ತಾನೆ.

ಇನ್ನು ಮೂರನ್ನೂ ಒಂದಾಗಿಸುವ ವಿಷಯ. ನಮ್ಮೂರು ಮಲೆನಾಡು. ದೀಪಾವಳಿ ಕಳೆದ ಮೇಲೆ ಬೆಳಿಗ್ಗೆ ಎದ್ದು ನೋಡಿದರೆ ಗದ್ದೆಯೇ ಇರುವುದಿಲ್ಲ. ಬರೀ ಬಿಳಿ. ಅಡಿಕೆ ಮರಗಳ ತಲೆ ಮಾತ್ರ ಮೇಲೆ ತೇಲುತ್ತಿರುತ್ತವೆ. ಅಂಚಿನ ಹುಲ್ಲಿನ ಮೇಲೆ ಜೇಡರ ಬಲೆಗಳೆಲ್ಲ ಹನಿ ಹಿಡಿದು ಬಗ್ಗಿರುತ್ತವೆ. ಮಂಜಿಲ್ಲದ ದಿನವೂ ಬಲೆಗಳಿರುತ್ತವೆ, ಕಣ್ಣಿಗೆ ಬೀಳುವುದು ಆಗ. ಮೋಡ, ಗಾಳಿ ಇಲ್ಲದ ರಾತ್ರಿ ನೆಲ ಬೇಗ ತಣ್ಣಗಾಗುತ್ತದೆ. ಅದಕ್ಕೆ ತಾಗಿದ ಗಾಳಿಯೂ ತಣಿದು, ಅದರಲ್ಲಿರುವ ನೀರಾವಿ ಸಣ್ಣ ಹನಿಗಳಾಗುತ್ತದೆ. ಬಿಸಿಲು ಏರಿದಾಗ ಮಂಜು ಹೋಯ್ತು ಅಂತೀವಿ, ಅಲ್ವಾ? ಎಲ್ಲಿಗೂ ಹೋಗಿರುವುದಿಲ್ಲ. ಅದೇ ನೀರು ಅದೇ ಗಾಳಿಯಲ್ಲಿ ಕಾಣದ ಹಾಗೆ ಇರುತ್ತದೆ.

ನೆನಪೂ ಹಾಗೇ ಅನ್ನುವುದು ನನಗೆ ಅಜ್ಜಿಯಿಂದ ಗೊತ್ತಾಯಿತು. ಕೊನೆಯ ಎರಡು ವರ್ಷ ಅವರು ನನ್ನನ್ನು ತಮ್ಮ ಸ್ವಂತ ತಮ್ಮನ ಹೆಸರಿನಿಂದ ಕರೆಯುತ್ತಿದ್ದರು. ಹೊಳೆ ಉಕ್ಕಿ ಕೊಟ್ಟಿಗೆಗೆ ನೀರು ನುಗ್ಗಿದ ರಾತ್ರಿಯ ಕಥೆಯನ್ನು ಮತ್ತೆ ಮತ್ತೆ ಹೇಳುತ್ತಿದ್ದರು. ಮೊದಮೊದಲು ದನದ ಕಣ್ಣಿ ಬಿಚ್ಚಿದ್ದು ಅವರ ಅಪ್ಪಯ್ಯ. ಆಮೇಲೆ ಆ ತಮ್ಮ. ಕೊನೆಕೊನೆಗೆ ಕತ್ತಿ ಹಿಡಿದು ಕಣ್ಣಿ ಕೊಯ್ದದ್ದು ಅಜ್ಜಿಯೇ. ಆದರೆ ಕತ್ತಲಲ್ಲಿ ದೂರ ಹೋಗುತ್ತಿದ್ದ ಗಂಟೆಯ ಸದ್ದು ಒಂದು ಸಲವೂ ಬದಲಾಗಲಿಲ್ಲ. ಅದನ್ನು ಹೇಳುವಾಗ ಅವರ ಕೈ ಪ್ರತಿ ಸಲ ಕಿವಿಯ ಹತ್ತಿರ ಹೋಗುತ್ತಿತ್ತು. ಅಜ್ಜಿ ಸುಳ್ಳು ಹೇಳ್ತಿರಲಿಲ್ಲ.

ವಯಸ್ಸಾದವರಿಗೆ ಮಾತ್ರ ಹೀಗಾಗುವುದಲ್ಲ. ಕೇಂಬ್ರಿಡ್ಜಿನ ಮನೋವಿಜ್ಞಾನಿ ಫ್ರೆಡರಿಕ್ ಬಾರ್ಟ್ಲೆಟ್ ಜನರಿಗೆ ಅಮೆರಿಕದ ಮೂಲನಿವಾಸಿಗಳ ಒಂದು ಕಥೆ ಓದಿಸಿ, ದಿನಗಳು ಕಳೆದ ಮೇಲೆ ನೆನಪಿನಿಂದ ಬರೆಸಿದ. ಅದರ ಫಲಿತಾಂಶ 1932ರ ಅವನ ಪುಸ್ತಕದಲ್ಲಿದೆ. ಕಥೆ ಚಿಕ್ಕದಾಗುತ್ತಾ, ಓದಿದವರಿಗೆ ಪರಿಚಯದ ರೂಪಕ್ಕೆ ತಿರುಗುತ್ತಾ ಹೋಗಿತ್ತು. ಅದರಲ್ಲಿದ್ದ ಕನೂ, ಅಂದ್ರೆ ಮೂಲನಿವಾಸಿಗಳ ಕಿರಿದಾದ ಉದ್ದ ದೋಣಿ, ಹಲವರ ಬರಹದಲ್ಲಿ ಮಾಮೂಲಿ ದೋಣಿ ಆಗಿತ್ತು. ನೆನೆಸಿಕೊಳ್ಳುವುದು ಅಂದರೇ ಸ್ವಲ್ಪ ಬದಲಾಯಿಸುವುದು. ನಿಮ್ಮ ದೇವಿಯ ಮೂರು ಮುಖ ಸೇರುವುದು ಇಲ್ಲೇ.

ಇದನ್ನೆಲ್ಲ ಇಟ್ಟುಕೊಂಡು ಕಾವಳಮ್ಮನ ಪೂಜೆಯನ್ನು ಹೀಗೆ ಮಾಡಿದೆ. ಅವಳಿಗೆ ಗುಡಿಯಿಲ್ಲ, ಮೂರ್ತಿಯಿಲ್ಲ. ಗದ್ದೆಯ ಅಂಚಿನಲ್ಲಿ ಒಂದು ಕರಿಕಲ್ಲು. ಹರಕೆ ಹೊತ್ತವರು ಮಂಜಿರುವಾಗಲೇ ಬಂದು, ಒದ್ದೆ ಕಲ್ಲಿನ ಮೇಲೆ ಅಂಗೈ ಊರಿ, ಒಂದು ನೆನಪು ಹೇಳಬೇಕು. ಕೈ ತೆಗೆದರೆ ಕಲ್ಲಿನ ಮೇಲೆ ಗುರುತು ಉಳಿದಿರುತ್ತದೆ. ಬಿಸಿಲಿಗೆ ಕಲ್ಲು ಒಣಗಿ ಆ ಗುರುತು ಮಾಯವಾದಾಗ ನೆನಪೂ ಹೋಗುತ್ತದೆ. ವರ್ಷದೊಳಗೆ ತಿರುಗಿ ಬರುತ್ತದೆ, ಆದರೆ ಅದರಲ್ಲಿ ಒಂದೇ ಒಂದು ಸಂಗತಿ ಬೇರೆಯಾಗಿರುತ್ತದೆ. ಯಾವುದು ಅನ್ನುವುದು ಅವಳ ಇಷ್ಟ. ಮಂಜಿಲ್ಲದ ಹೊತ್ತಿನಲ್ಲಿ ಅವಳ ಕೈಯಲ್ಲಿ ಏನೂ ಆಗುವುದಿಲ್ಲ. ಈ ಮಿತಿ ದಯವಿಟ್ಟು ಇಟ್ಟುಕೊಳ್ಳಿ. ಅದಿಲ್ಲದಿದ್ದರೆ ಕಥೆಯಲ್ಲಿ ಯಾರಿಗೂ ಅವಸರವೇ ಇರುವುದಿಲ್ಲ.

ಕಲ್ಲಿನ ಪಕ್ಕ ಕೇಳುವವಳು ಒಬ್ಬಳು ಕೂತಿರುತ್ತಾಳೆ. ಮೊದಲು ಹೇಳಿದ್ದು ಹೇಗಿತ್ತು ಅಂತ ಅವಳಿಗೆ ಮಾತ್ರ ಗೊತ್ತು. ಬಾಯಿ ಬಿಡುವ ಹಾಗಿಲ್ಲ. ನಮ್ಮ ಆಟದಲ್ಲಿ ತಮ್ಮನನ್ನು ಕೊಂದ ಸೈನಿಕನೊಬ್ಬ ಆ ರಾತ್ರಿಯನ್ನು ಕಲ್ಲಿಗೆ ಹೇಳಿದ. ಅದು ತಿರುಗಿ ಬಂದಾಗ ಸಾಯುವ ತಮ್ಮ ಅಣ್ಣನ ಕೈ ಹಿಡಿದು ಕ್ಷಮಿಸಿದ್ದ. ಸೈನಿಕ ಸಂತೋಷದಿಂದ ಅತ್ತ. ಕೇಳುವವಳ ಪಾತ್ರ ಆಡುತ್ತಿದ್ದ ಗೆಳತಿಗೆ ನಿಜ ಗೊತ್ತಿತ್ತು. ಅವತ್ತು ಅವಳು ತುಂಬಾ ಹೊತ್ತು ಸುಮ್ನೆ ಕೂತಿದ್ದಳು.

ದೇವಿ ಒಳ್ಳೆಯವಳಾ, ಕೆಟ್ಟವಳಾ ಅಂತಲೂ ಕೇಳಿದ್ದೀರಿ. ತೀರ್ಮಾನ ಮಾಡಲೇಬೇಡಿ. ದೇವೀ ಮಾಹಾತ್ಮ್ಯೆಯಲ್ಲಿ ಒಬ್ಬಳೇ ದೇವಿಯನ್ನು ಸ್ಮೃತಿಯ ರೂಪದಲ್ಲಿರುವವಳು ಅಂತಲೂ, ಭ್ರಾಂತಿಯ ರೂಪದಲ್ಲಿರುವವಳು ಅಂತಲೂ ಕೈಮುಗಿಯುತ್ತಾರೆ, ಅದೂ ಒಂದೇ ಸ್ತುತಿಯಲ್ಲಿ.

ಇವತ್ತೇ ಒಂದು ಪುಟ ಬರೆದು ನೋಡಿ. ನಿಮ್ಮ ನಾಯಕಿ ನಸುಕಿನಲ್ಲಿ ದೇವಿಯ ಮುಂದೆ ನಿಂತಿದ್ದಾಳೆ. ಬಿಸಿಲು ಬರಲು ಸ್ವಲ್ಪವೇ ಹೊತ್ತಿದೆ. ಯಾವ ನೆನಪು ಕೊಡುತ್ತಾಳೆ? ಬರೆದರೆ ಇಲ್ಲೇ ಹಾಕಿ, ನನಗೆ ಓದುವ ಆಸೆ ಇದೆ.