ತಂದೆಯ ದಣಿವು, ನಿಮ್ಮ ದಣಿವು

ಡೊಂಬಿವಲಿಯ ಓದುಗರಿಗೆ ವಂದನೆಗಳು.

ಹತ್ತೊಂಬತ್ತು ವರ್ಷಗಳಿಂದ ಮುಂಬಯಿಯ ಫೋರ್ಟ್ ಪ್ರದೇಶದ ವಿಮಾ ಕಚೇರಿಯೊಂದರಲ್ಲಿ ಕ್ಲೇಮ್ ಅರ್ಜಿಗಳನ್ನು ಪರಿಶೀಲಿಸುತ್ತಿರುವುದಾಗಿಯೂ, ಭಾನುವಾರ ಸಂಜೆಯಾದರೆ ಎದೆ ಭಾರವಾಗುವುದಾಗಿಯೂ, ಊಟಕ್ಕೆ ಕುಳಿತಾಗ ಎಡಗೈ ಬೆರಳುಗಳು ಮೇಜಿನ ಮೇಲೆ ತಾವಾಗಿಯೇ ಟೈಪು ಮಾಡುತ್ತಿದ್ದುದನ್ನು ಕಂಡ ಮಗಳು "ಅಪ್ಪಾ, ಇನ್ನೂ ಆಫೀಸಿನಲ್ಲೇ ಇದ್ದೀರಾ?" ಎಂದು ಕೇಳಿದಳೆಂದೂ ಬರೆದಿದ್ದೀರಿ. ಹಗಲು ಹೋಟೆಲಿನಲ್ಲಿ ತಟ್ಟೆ ತೊಳೆದು, ರಾತ್ರಿ ಕನ್ನಡ ಶಾಲೆಯಲ್ಲಿ ಕಲಿತ ತಂದೆಯ ಮಗನಾಗಿ, ಏಸಿ ಕೋಣೆಯಲ್ಲಿ ಕುಳಿತು ದಣಿದೆ ಎನ್ನಲು ನಾಚಿಕೆಯೆಂದೂ ಹೇಳಿದ್ದೀರಿ. ನನ್ನನ್ನು ಹೆಚ್ಚು ಕಲಕಿದ್ದು ಆ ನಾಚಿಕೆಯೇ.

ನಿಮ್ಮ ತಂದೆಯವರ ದುಡಿಮೆ ಕಠಿಣವಾಗಿತ್ತೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ರಾತ್ರಿ ಶಾಲೆಯ ಒಂದೊಂದು ತರಗತಿ ಪಾಸಾದಾಗಲೂ ಅವರಿಗೆ ಮುಂದಿನ ಮೆಟ್ಟಿಲು ಕಾಣುತ್ತಿತ್ತು. ನಿಮಗಾದರೋ ಇಂದು ಅರವತ್ತು ಅರ್ಜಿ ಮುಗಿದರೆ ನಾಳೆ ಮತ್ತೆ ಅರವತ್ತು. ದಿನವಿಡೀ ಮರಣ ಪ್ರಮಾಣಪತ್ರಗಳನ್ನು ಓದುತ್ತೀರಿ, ಹೆಸರು, ತಾರೀಖು, ಸಹಿ ತಾಳೆ ನೋಡುತ್ತೀರಿ, ಆದರೆ ಯಾವ ಮನೆಗೆ ಹಣ ತಲುಪಿತು, ಅದರಿಂದ ಯಾರ ಮಗುವಿನ ಶಾಲೆ ಶುಲ್ಕ ಕಟ್ಟಲಾಯಿತು ಎಂಬ ಸುದ್ದಿ ನಿಮ್ಮ ಟೇಬಲ್ಲಿಗೆ ಬರುವುದೇ ಇಲ್ಲ. ಫಲ ಕಣ್ಣಿಗೆ ಬೀಳದ ದುಡಿಮೆ ಮನಸ್ಸನ್ನು ಸವೆಸುತ್ತದೆ. ಕುರ್ಚಿ ಮೆತ್ತಗಿದ್ದರೆ ಆ ಸವೆತ ಕಡಿಮೆಯಾಗುವುದಿಲ್ಲ.

ವಿಶ್ವ ಆರೋಗ್ಯ ಸಂಸ್ಥೆಯೂ 2019ರಲ್ಲಿ ಅಂಗೀಕಾರವಾದ ತನ್ನ ರೋಗ ವರ್ಗೀಕರಣದಲ್ಲಿ ಬರ್ನ್‌ಔಟ್ ಅನ್ನು ಕಾಯಿಲೆಯೆಂದಲ್ಲ, ಉದ್ಯೋಗದಿಂದ ಹುಟ್ಟುವ ಸ್ಥಿತಿಯೆಂದು ವಿವರಿಸಿದೆ: ನಿತ್ರಾಣ, ಕೆಲಸದಿಂದ ಮನಸ್ಸು ದೂರ ಸರಿಯುವುದು, ತನ್ನ ಕೈಯಲ್ಲಿ ಏನೂ ಸಾಗದೆಂಬ ಭಾವ. ಮೂರೂ ನಿಮ್ಮ ಪತ್ರದಲ್ಲಿವೆ. ಆದ್ದರಿಂದ ಇದನ್ನು ನಿಮ್ಮ ಸೋಮಾರಿತನವೆಂದೋ ಕೃತಘ್ನತೆಯೆಂದೋ ದಯವಿಟ್ಟು ಬಗೆಯಬೇಡಿ.

ಮನೆ ಸಾಲದ ಕಂತು ಇರುವಾಗ ಆವೇಶದಲ್ಲಿ ರಾಜೀನಾಮೆ ಕೊಡುವುದು ನನಗೆ ಸರಿಕಾಣದು. ವಿಭಾಗ ಬದಲಾವಣೆ ಕೇಳಲು ಸಂಕೋಚವೆಂದಿದ್ದೀರಿ. ಕೇಳಿ, ಲಿಖಿತವಾಗಿಯೇ ಕೇಳಿ. ಸಾಧ್ಯವಾದರೆ ಅರ್ಜಿದಾರರು ಎದುರಿಗೆ ಬಂದು ನಿಲ್ಲುವ ಕೌಂಟರನ್ನೇ ಕೇಳಿ. ಅಲ್ಲಿ ಗಲಾಟೆ ಹೆಚ್ಚು, ಬೈಗುಳವೂ ಉಂಟು, ಆದರೆ ಕಾಗದದ ಹಿಂದಿನ ಮುಖ ಕಾಣುತ್ತದೆ. ಭಾನುವಾರದ ಭಾರ ವಾರವಿಡೀ ಉಳಿದು ನಿದ್ದೆ ಕೆಟ್ಟರೆ ತಡಮಾಡದೆ ವೈದ್ಯರನ್ನು ಕಾಣಿರಿ. ಸರಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ 14416 ಹಗಲೂ ರಾತ್ರಿಯೂ ಉಚಿತ, ಕನ್ನಡದಲ್ಲೂ ಮಾತಾಡಬಹುದು.

ಮಗಳ ಪ್ರಶ್ನೆಗೆ ಏನು ಹೇಳಿದಿರೆಂದು ನೀವು ಬರೆದಿಲ್ಲ. ಉತ್ತರಿಸದೆ ಎದ್ದುಹೋಗಿದ್ದರೆ, ಇಂದು ರಾತ್ರಿ ಊಟಕ್ಕೆ ಕುಳಿತಾಗ, ಹೌದು ಮಗಳೇ, ದಣಿದಿದ್ದೇನೆ ಎಂದು ಅವಳಿಗೆ ಹೇಳಿಬಿಡಿ.

– ಸಂಪಾದಕ