ಕಾಂಡ್ಲಾ ಕಾಡಿಗೆ ಕಯಾಕಿಂಗ್ ಹೋಗುವ ಮುಂಚೆ ಫೋನ್ ಮಾಡಿ ಕೇಳಿ: ಭರತ ಎಷ್ಟು ಗಂಟೆಗೆ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದದ್ದು ಹೀಗೆ. ಡಿಸೆಂಬರ್‌ನಲ್ಲಿ ಬೆಂಗಳೂರಿನಿಂದ ಉಡುಪಿ ಕಡೆಗೆ ಹೊರಟಿದ್ದೀರಿ. ಹೆಂಡತಿ ಮತ್ತು ಹತ್ತು ವರ್ಷದ ಮಗಳು ಜೊತೆಗಿದ್ದಾರೆ. ಯಾರಿಗೂ ಈಜು ಬರುವುದಿಲ್ಲ. ಗೈಡ್ ಜೊತೆ ಕಾಂಡ್ಲಾ, ಅಂದರೆ ಹೊಳೆ ಸಮುದ್ರ ಸೇರುವ ಕಡೆ ಉಪ್ಪುನೀರಿನ ಕೆಸರಿನಲ್ಲಿ ಬೆಳೆಯುವ ಮ್ಯಾಂಗ್ರೋವ್ ಕಾಡಿನಲ್ಲಿ ಕಯಾಕಿಂಗ್ (ನಾವೇ ಹುಟ್ಟು ಹಾಕುವ ಸಣ್ಣ ದೋಣಿಯ ಸವಾರಿ) ಮಾಡಬಹುದಾ? 'ಪರಿಸರಸ್ನೇಹಿ' ಅಂತ ಬೋರ್ಡ್ ಹಾಕಿರುತ್ತಾರಲ್ಲ, ಅದು ನಿಜವಾ ಅಥವಾ ಸುಮ್ನೆ ಹೆಸರಿಗಾ?

ಈಜಿನ ವಿಷಯ ಮೊದಲು. ಹೋಗಬಹುದು. ನನಗೂ ಈಜು ಬರುವುದಿಲ್ಲ. ಕುಂದಾಪುರದ ಕಡೆ ಹೊಳೆ ಬದಿಯಲ್ಲಿ ಹುಟ್ಟಿದವಳು ಇದನ್ನು ಹೇಳಿಕೊಳ್ಳೋದು ಮರ್ಯಾದೆಯ ಮಾತಲ್ಲ, ಆದರೂ ನಿಜ. ನಾನು ಮೊದಲ ಸಲ ಕಯಾಕ್ ಹತ್ತಿದ್ದು ಸಾಲಿಗ್ರಾಮದ ಪಾರಂಪಳ್ಳಿ ಕಡೆ, ಸೀತಾ ನದಿಯ ಹಿನ್ನೀರಿನಲ್ಲಿ. ಜೊತೆಗೆ ಅರವತ್ತು ದಾಟಿದ ಅಮ್ಮ. ಅವಳಿಗೆ ನೀರಿನ ಭಯ ಇರಲಿಲ್ಲ, ತಕರಾರು ಬೇರೆಯೇ ಇತ್ತು. "ದುಡ್ ಕೊಟ್ಟ್ ನಾವೇ ಹುಟ್ಟ್ ಹಾಕುದಾ?" ಸೇತುವೆ ಇಲ್ಲದ ಕಾಲದಲ್ಲಿ ದೋಣಿಯಲ್ಲಿ ಹೊಳೆ ದಾಟಿ ಶಾಲೆಗೆ ಹೋದವಳು ಅವಳು. ಆಗ ಕಾಸು ಕೊಟ್ಟರೆ ಅಂಬಿಗನೇ ಹುಟ್ಟು ಹಾಕುತ್ತಿದ್ದ. ಅವಳ ಲೆಕ್ಕ ಸರಿಯಾಗೇ ಇತ್ತು, ನನ್ನ ಹತ್ತಿರ ಉತ್ತರ ಇರಲಿಲ್ಲ.

ಇಂಥ ಕಡೆ ಸಾಮಾನ್ಯವಾಗಿ ಕೊಡುವುದು ಮೇಲೆ ಕೂರುವ ನಮೂನೆಯ ಪ್ಲಾಸ್ಟಿಕ್ ಕಯಾಕ್. ಒಳಗೆ ಗಾಳಿ ತುಂಬಿರುತ್ತದೆ, ಮೇಲೆ ಬಿದ್ದ ನೀರು ತೂತುಗಳಿಂದ ಕೆಳಗೆ ಹೋಗುತ್ತದೆ. ಮಗುಚಿದರೂ ತೇಲುತ್ತಲೇ ಇರುತ್ತದೆ. ಇಬ್ಬರು ಕೂರುವುದಾದರೆ ಭಾರ ಇರುವವರು ಹಿಂದೆ ಕೂರಬೇಕು, ದಿಕ್ಕು ತಿರುಗಿಸುವುದು ಅವರೇ. ನನ್ನ ಕೈ ನಡುಗುತ್ತಿದ್ದದ್ದು ನೋಡಿ ಗೈಡ್ ಹುಡುಗ ಹೇಳಿದ, "ಹೆದ್ರಬೇಡಿ ಅಕ್ಕ, ಒಳಗೆ ನೀರ್ ಸೊಂಟಕ್ಕೂ ಬತ್ತಿಲ್ಲ." ಆಮೇಲೆ ಅವನೇ ಸೇರಿಸಿದ: ಆದರೆ ಬಿದ್ದರೆ ಎದ್ದು ನಿಲ್ಲಬೇಡಿ, ಕಯಾಕ್ ಹಿಡಿದುಕೊಂಡು ತೇಲಿ. ಯಾಕೆಂದರೆ ನೀರು ಕಮ್ಮಿ ಇದ್ದರೂ ಕೆಳಗಿನ ಕೆಸರು ಕಾಲನ್ನು ಮೊಣಕಾಲಿನವರೆಗೆ ಎಳೆದುಕೊಳ್ಳುತ್ತದೆ. ನಿಮ್ಮ ಮಗಳಿಗೆ ಮಕ್ಕಳ ಅಳತೆಯ ಲೈಫ್ ಜಾಕೆಟ್ ಇದೆಯಾ ಅಂತ ಮೊದಲೇ ಕೇಳಿ. ದೊಡ್ಡವರದ್ದು ಹಾಕಿದರೆ ನೀರಿನಲ್ಲಿ ಅದು ತಲೆಯಿಂದ ಮೇಲಕ್ಕೆ ಜಾರುತ್ತದೆ. ಹಾಕಿದ ಮೇಲೆ ಭುಜದ ಹತ್ತಿರ ಹಿಡಿದು ಮೇಲಕ್ಕೆ ಎಳೆದು ನೋಡಿ. ಗಲ್ಲದವರೆಗೆ ಬಂದರೆ ಅದು ಅವಳಿಗೆ ಆಗುವುದಿಲ್ಲ.

ಇನ್ನು ಪರಿಸರದ ಪ್ರಶ್ನೆ. ಕಯಾಕ್‌ಗೆ ಎಂಜಿನ್ ಇಲ್ಲ, ಅದು ದೊಡ್ಡ ವಿಷಯವೇ. ಮೋಟಾರ್ ದೋಣಿ ಕಿರಿದಾದ ಕಾಲುವೆಗೆ ನುಗ್ಗಿದರೆ ಕೆಸರು ಕಲಕುತ್ತದೆ, ಅಲೆ ಹೋಗಿ ದಡದ ಮಣ್ಣು ಕುಸಿಯುತ್ತದೆ, ಎಣ್ಣೆ ತೊಟ್ಟಿಕ್ಕುತ್ತದೆ, ಹಕ್ಕಿಗಳು ಎದ್ದು ಹೋಗುತ್ತವೆ. ಕಯಾಕ್‌ಗೆ ಗೇಣುದ್ದ ನೀರಿದ್ದರೂ ಸಾಕು. ಆದರೆ ಎಂಜಿನ್ ಇಲ್ಲ ಅಂದ ಮಾತ್ರಕ್ಕೆ ಹಾನಿ ಇಲ್ಲ ಅಂತಲ್ಲ. ಇದು ನನಗೆ ಗೊತ್ತಾದದ್ದು ಇನ್ನೊಂದು ಸಲ, ಇನ್ನೊಂದು ಕಡೆ ಹೋದಾಗ. ಊರಿನ ಹೆಸರು ಬೇಡ.

ಅಲ್ಲಿ ಸಿನಿಮಾ ಶೋ ಥರ ಬ್ಯಾಚ್ ಇತ್ತು: ಒಂಬತ್ತು, ಹನ್ನೊಂದು, ಮೂರು. ನಾವು ಹನ್ನೊಂದರ ಬ್ಯಾಚ್, ಹನ್ನೆರಡು ಕಯಾಕ್. ಒಬ್ಬನ ಹತ್ತಿರ ಬ್ಲೂಟೂತ್ ಸ್ಪೀಕರ್ ಬೇರೆ. ಕಾಡಿನೊಳಗೆ ಹೋಗಿ ಅರ್ಧ ಗಂಟೆಯಾಗಿರಬೇಕು, ನೀರು ಇಳಿಯುತ್ತಾ ಬಂತು. ನಮ್ಮ ಕಯಾಕ್ ಕೆಸರಿಗೆ ಕೂತಿತು. ಹಿಂದಿನದೂ ಕೂತಿತು. ಗೈಡ್‌ಗಳು ಇಳಿದು ಒಂದೊಂದನ್ನೇ ಎಳೆದುಕೊಂಡು ದೊಡ್ಡ ಹೊಳೆಗೆ ತಂದರು. ಎಳೆಯುವಾಗ ಅಡಿಯಿಂದ ಲಟಲಟ ಅಂತ ಸದ್ದು ಬರುತ್ತಿತ್ತು. ಹಪ್ಪಳ ಮುರಿದ ಹಾಗೆ. ಕೆಸರಿನಿಂದ ಪೆನ್ಸಿಲ್ ನೆಟ್ಟಂತೆ ಎದ್ದು ನಿಂತಿದ್ದ ಬೇರುಗಳು ಮುರಿಯುತ್ತಿದ್ದ ಸದ್ದು ಅದು.

ಆ ಬೇರುಗಳು ಯಾಕಿವೆ ಅಂತ ಗೊತ್ತಾದರೆ ಆ ಸದ್ದು ಇನ್ನೂ ಚುಚ್ಚುತ್ತದೆ. ಮ್ಯಾಂಗ್ರೋವ್ ನಿಂತಿರುವ ಕೆಸರಿನಲ್ಲಿ ಗಾಳಿಯೇ ಇಲ್ಲ. ಅಲ್ಲಿ ಬರುವ ಕೊಳೆತ ಮೊಟ್ಟೆಯ ವಾಸನೆ ಅದಕ್ಕೇ. ಆಮ್ಲಜನಕ ಬೇಡದ ಬ್ಯಾಕ್ಟೀರಿಯಾಗಳು ಬಿಡುವ ಅನಿಲ ಅದು. ಹಾಗಾಗಿ ಅವಿಸೆನಿಯಾ ಜಾತಿಯ ಮರಗಳು ಬೇರನ್ನು ಕೆಳಗಿನಿಂದ ಮೇಲಕ್ಕೆ ಕಳಿಸುತ್ತವೆ. ನೀರು ಇಳಿದಾಗ ಆ ಕಡ್ಡಿಗಳಲ್ಲಿರುವ ಸಣ್ಣ ತೂತುಗಳಿಂದ ಮರ ಉಸಿರಾಡುತ್ತದೆ. ನಾವು ಹನ್ನೆರಡು ಕಯಾಕ್ ಎಳೆದದ್ದು ಅದರ ಮೂಗಿನ ಮೇಲೆ. ಎಂಜಿನ್ ಮಾತ್ರ ಇರಲಿಲ್ಲ.

ಅದಕ್ಕೇ ನನ್ನ ಅಳತೆಗೋಲು ಒಂದೇ. ಫೋನ್ ಮಾಡಿದಾಗ 'ಎಷ್ಟು ಗಂಟೆಗೆ ಬರಬೇಕು' ಅಂತ ಕೇಳಬೇಡಿ. 'ಆ ದಿನ ಭರತ ಎಷ್ಟು ಗಂಟೆಗೆ' ಅಂತ ಕೇಳಿ. ಭರತ ಅಂದರೆ ನಮ್ಮ ಕಡೆ ನೀರು ಏರುವುದು, ಪುಸ್ತಕದಲ್ಲಿ ಬರುವ ಉಬ್ಬರ. ದಿನಕ್ಕೆ ಎರಡು ಭರತ, ಎರಡು ಇಳಿತ. ಒಂದಕ್ಕೂ ಇನ್ನೊಂದಕ್ಕೂ ಆರು ಗಂಟೆ ಚಿಲ್ಲರೆ. ಇದು ಪ್ರತಿದಿನ ಸುಮಾರು 50 ನಿಮಿಷ ಮುಂದಕ್ಕೆ ಹೋಗುತ್ತದೆ. ಇವತ್ತು ಏಳಕ್ಕೆ ತುಂಬಿದ ಹೊಳೆ ನಾಳೆ ಎಂಟರ ಹತ್ತಿರ ತುಂಬುತ್ತದೆ. ಹಾಗಿರುವಾಗ ವರ್ಷವಿಡೀ ಹನ್ನೊಂದಕ್ಕೇ ಬ್ಯಾಚ್ ಇಟ್ಟವನು ಹೊಳೆ ನೋಡುತ್ತಿಲ್ಲ, ಗಡಿಯಾರ ನೋಡುತ್ತಿದ್ದಾನೆ. 'ಶನಿವಾರ ಆದರೆ ಬೆಳಿಗ್ಗೆ ಏಳೂವರೆಗೇ ಬನ್ನಿ, ಭಾನುವಾರ ಆದರೆ ಎಂಟೂಕಾಲಿಗೆ' ಅಂತ ಹೇಳುವವನು ಸಿಕ್ಕರೆ ಅವನ ಜೊತೆ ಕಣ್ಣು ಮುಚ್ಚಿ ಹೋಗಿ. ಫೋನಿನಲ್ಲಿ ಉಬ್ಬರದ ಸಮಯ ತೋರಿಸುವ ಆ್ಯಪ್‌ಗಳು ಪುಕ್ಕಟೆ ಇವೆ, ತಾಳೆ ನೋಡಬಹುದು. ಅಮ್ಮನಿಗೆ ಅದೂ ಬೇಡ. ಹುಣ್ಣಿಮೆ ಕಳೆದು ಎಷ್ಟು ದಿನ ಆಯಿತು ಅಂತ ಬೆರಳು ಮಡಚಿ ಹೇಳುತ್ತಾಳೆ. ಹುಣ್ಣಿಮೆ, ಅಮಾವಾಸ್ಯೆಯ ಆಸುಪಾಸಿನಲ್ಲಿ ನೀರು ಜಾಸ್ತಿ ಏರುತ್ತದೆ, ಜಾಸ್ತಿ ಇಳಿಯುತ್ತದೆ. ಅಷ್ಟಮಿಯ ಹೊತ್ತಿಗೆ ಎರಡೂ ಕಮ್ಮಿ.

ಪೂರ್ತಿ ಭರತದಲ್ಲಿ ಹೋಗುವುದೂ ನನಗೆ ಇಷ್ಟವಿಲ್ಲ. ಬೇರುಗಳೆಲ್ಲ ಮುಳುಗಿರುತ್ತವೆ, ಸುಮ್ನೆ ಹಸಿರು ಗೋಡೆ ನೋಡಿಕೊಂಡು ಬಂದ ಹಾಗಾಗುತ್ತದೆ. ನೀರು ಅರ್ಧ ಏರಿದಾಗ ಹೊರಡಬೇಕು. ಏರುವ ನೀರು ತಾನೇ ಒಳಗೆ ತಳ್ಳುತ್ತದೆ, ಕೈಗೆ ಕೆಲಸ ಕಮ್ಮಿ. ನೀರು ಒಂದು ಕ್ಷಣ ನಿಂತ ಹಾಗಾಗುತ್ತದಲ್ಲ, ಆಗ ತಿರುಗಿದರೆ ಇಳಿಯುವ ನೀರಿನ ಜೊತೆ ವಾಪಸ್. ಪಾರಂಪಳ್ಳಿಯಲ್ಲಿ ನಮ್ಮನ್ನು ಹೀಗೇ ಕರೆದುಕೊಂಡು ಹೋದರು. ಹೊರಡುವಾಗ ಕೆಸರಿನ ದಂಡೆ ಇನ್ನೂ ಕಾಣುತ್ತಿತ್ತು. ಒಂದು ಕೈ ಮಾತ್ರ ದೊಡ್ಡದಿರುವ ಸಣ್ಣ ಏಡಿಗಳು ಯಾರನ್ನೋ ಕರೆಯುವ ಹಾಗೆ ಆ ಕೈ ಆಡಿಸುತ್ತಿದ್ದವು. ಕೆಸರಿನ ಮೇಲೆ ನೆಗೆಯುವ ಮೀನನ್ನು ಅಮ್ಮ ನನಗಿಂತ ಮೊದಲೇ ನೋಡಿದಳು.

ಗೈಡ್ ಒಳ್ಳೆಯವನಾ ಅನ್ನೋದು ಅವನು ಏನು ತೋರಿಸುತ್ತಾನೆ ಅನ್ನೋದರಲ್ಲೂ ಗೊತ್ತಾಗುತ್ತದೆ. ನಮ್ಮವನು ಒಂದು ಎಲೆ ಕೊಟ್ಟು ನಾಲಿಗೆಗೆ ಇಡಿ ಅಂದ. ಉಪ್ಪು! ಅವಿಸೆನಿಯಾ ಬೇರಿನಿಂದ ಒಳಗೆ ಬಂದ ಉಪ್ಪನ್ನು ಎಲೆಯ ಮೇಲೆ ಹೊರಹಾಕುತ್ತದೆ. ಬಿಳಲು ಬಿಟ್ಟು ಮೂರುಕಾಲಿನ ಸ್ಟೂಲ್ ಥರ ನಿಂತಿರುವ ರೈಜೋಫೊರಾ ಬೇರಿನಲ್ಲೇ ಉಪ್ಪಿನ ಬಹುಪಾಲನ್ನು ಸೋಸಿಬಿಡುತ್ತದೆ. ನಮ್ಮಲ್ಲಿ ಕಾಂಡ್ಲಾ ಅನ್ನುವುದು ಇದನ್ನೇ, ಆಮೇಲೆ ಇಡೀ ಕಾಡಿಗೇ ಆ ಹೆಸರು. ಮಲಯಾಳದಲ್ಲಿ ಕಂಡಲ್. ಒಂದು ಮ್ಯಾಂಗ್ರೋವ್ ಕುಲಕ್ಕೆ ವಿಜ್ಞಾನಿಗಳು ಇಟ್ಟಿರುವ ಕಂಡೇಲಿಯಾ ಅನ್ನುವ ಹೆಸರು ಬಂದದ್ದೂ ಆ ಮಾತಿನಿಂದಲೇ. ನಮ್ಮ ಕಾಂಡ್ಲಾದ ಬೀಜ ಮರದಲ್ಲಿರುವಾಗಲೇ ಮೊಳೆತು ನುಗ್ಗೆಕಾಯಿಯ ಹಾಗೆ ಜೋತಾಡುತ್ತದೆ. ಕೆಳಗೆ ಬಿದ್ದರೆ ಕೆಸರಿಗೆ ನೆಟ್ಟುಕೊಳ್ಳುತ್ತದೆ, ಇಲ್ಲವಾದರೆ ತೇಲಿಕೊಂಡು ಇನ್ನೊಂದು ಊರಿಗೆ ಹೋಗುತ್ತದೆ. ಅಮ್ಮ ಒಂದನ್ನು ಕೀಳಲು ಕೈ ಹಾಕಿದಳು. ಹುಡುಗ ಬೇಡ ಅಂದ. ನಗುತ್ತಲೇ ಅಂದ, ಆದರೆ ಅಂದ.

ಬೇರನ್ನೂ ಮುಟ್ಟಲು ಬಿಡಲಿಲ್ಲ. ಅದರ ಮೇಲೆ ಸಿಂಪಿ ಕಚ್ಚಿಕೊಂಡಿರುತ್ತದೆ, ಬ್ಲೇಡಿನಷ್ಟು ಚೂಪು. ಇನ್ನೊಂದು ಮರ ಇದೆ, ಎಕ್ಸೊಕೇರಿಯಾ. ಕೊಂಬೆ ಮುರಿದರೆ ಬರುವ ಹಾಲು ಕಣ್ಣಿಗೆ ಬಿದ್ದರೆ ದೊಡ್ಡ ಫಜೀತಿ. ಮಗಳಿಗೆ ಮೊದಲೇ ಹೇಳಿಡಿ.

ಇಷ್ಟೊಂದು ಜಾಗ್ರತೆ ಯಾಕೆ ಅಂದರೆ ನಮ್ಮ ಹತ್ತಿರ ಈ ಕಾಡು ಇರುವುದೇ ಚೂರು. 2021ರ ದೇಶದ ಅರಣ್ಯ ವರದಿಯ ಪ್ರಕಾರ ಭಾರತದಲ್ಲಿ 4,992 ಚದರ ಕಿ.ಮೀ. ಮ್ಯಾಂಗ್ರೋವ್ ಇದೆ. ಕರ್ನಾಟಕದ ಪಾಲು 13. ನೀವು ಬೆಂಗಳೂರಿನವರು, ನಿಮ್ಮ ಲೆಕ್ಕದಲ್ಲಿ ಹೇಳುತ್ತೇನೆ: ಲಾಲ್‌ಬಾಗ್ 240 ಎಕರೆ, ಅಂದರೆ ಸುಮಾರು ಒಂದು ಚದರ ಕಿ.ಮೀ. ಇಡೀ ಕರಾವಳಿಯಲ್ಲಿ ಹದಿಮೂರು ಲಾಲ್‌ಬಾಗ್‌ನಷ್ಟು ಕಾಂಡ್ಲಾ ಕಾಡು. ಸೌದೆಗೆ ಕಡಿದರು, ಸಿಗಡಿ ಕೆರೆಗೆ ತೆಗೆದರು. 1996ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಬಂದು ಕರಾವಳಿ ನಿಯಂತ್ರಣ ವಲಯದೊಳಗಿನ ಸಿಗಡಿ ಉದ್ಯಮಕ್ಕೆ ಕಡಿವಾಣ ಬಿತ್ತು. ಈಗ ಮ್ಯಾಂಗ್ರೋವ್ ಇರುವ ಜಾಗ ಆ ವಲಯದಲ್ಲಿ ಅತಿ ಬಿಗಿಯಾದ ವರ್ಗಕ್ಕೆ ಸೇರುತ್ತದೆ. ಆದರೂ ಊರಿನ ಹುಡುಗರಿಗೆ ಈ ಕಾಡು ನಿಂತಿದ್ದರೆ ಸಂಪಾದನೆ ಅಂತ ಅನ್ನಿಸುವುದು ಬೇರೆಯೇ ಬಲ. ನಮ್ಮ ಗೈಡ್ ಬೇರಿಗೆ ಸುತ್ತಿಕೊಂಡ ಪ್ಲಾಸ್ಟಿಕ್ ಕವರ್‌ಗಳನ್ನು ದಾರಿಯುದ್ದಕ್ಕೂ ಪ್ಯಾಡಲ್‌ನಿಂದ ಎತ್ತಿ ಕಾಲ ಹತ್ತಿರ ಹಾಕಿಕೊಳ್ಳುತ್ತಿದ್ದ. ಯಾರೂ ಹೇಳಿರಲಿಲ್ಲ. ಹೊಳೆ ತಂದ ಕಸವೆಲ್ಲ ಈ ಬೇರುಗಳ ಜರಡಿಯಲ್ಲೇ ಸಿಕ್ಕಿಕೊಳ್ಳುತ್ತದೆ.

ಕೆಲವು ಕಡೆ ಕಯಾಕಿಂಗ್ ಮುಗಿದ ಮೇಲೆ ಒಂದು ಸಸಿ ನೆಡಿಸಿ ಫೋಟೋ ತೆಗೆಸುತ್ತಾರೆ. ನನಗೆ ಅದರ ಬಗ್ಗೆ ಅನುಮಾನ. ಕಾಂಡ್ಲಾ ಎಲ್ಲೆಂದರಲ್ಲಿ ಬದುಕುವುದಿಲ್ಲ. ದಿನಕ್ಕೆ ಎಷ್ಟು ಹೊತ್ತು ನೀರು ನಿಲ್ಲುತ್ತದೆ ಅನ್ನೋದರ ಮೇಲೆ ಎಲ್ಲ ನಿಂತಿದೆ. ಬರೀ ಕೆಸರಿನ ಬಯಲೂ ದಂಡವಲ್ಲ. ಕುಮಟಾದ ಅಘನಾಶಿನಿ ಅಳಿವೆಗೆ 2024ರಲ್ಲಿ ರಾಮ್ಸಾರ್ ಮಾನ್ಯತೆ (ಮುಖ್ಯವಾದ ಜೌಗು ಪ್ರದೇಶ ಅನ್ನುವ ಅಂತರರಾಷ್ಟ್ರೀಯ ಗುರುತು) ಸಿಕ್ಕಿತಲ್ಲ, 4,801 ಹೆಕ್ಟೇರ್, ಅಲ್ಲಿ ಇಳಿತದ ಹೊತ್ತಿಗೆ ಚಿಪ್ಪಿಕಲ್ಲು ಆರಿಸಿ ಬದುಕುವ ಜನ ಇರುವುದು ಅಂಥ ಬಯಲಿನ ಮೇಲೆಯೇ. ಆ ಹೊಳೆಗೆ ಅಣೆಕಟ್ಟು ಇಲ್ಲ, ಭರತದ ನೀರು ನುಗ್ಗುವ ಗಜನಿ ಗದ್ದೆಯಲ್ಲಿ ಉಪ್ಪುನೀರನ್ನು ತಡೆದುಕೊಳ್ಳುವ ಕಗ್ಗ ಭತ್ತ ಬೆಳೆಯುತ್ತಾರೆ. ಸಮಯವಿದ್ದರೆ ಅಲ್ಲಿಗೂ ಹೋಗಿ. ಕಯಾಕ್ ಹತ್ತಲು ಹೆಂಡತಿ ಒಪ್ಪದಿದ್ದರೆ ಹೊನ್ನಾವರದ ಹತ್ತಿರ ಶರಾವತಿ ಹಿನ್ನೀರಿನಲ್ಲಿ ಅರಣ್ಯ ಇಲಾಖೆ ಮರದ ನಡಿಗೆಹಾದಿ ಕಟ್ಟಿದೆ, ಕಾಂಡ್ಲಾ ಕಾಡಿನ ನಡುವೆ ನಡೆದುಕೊಂಡೇ ಹೋಗಬಹುದು.

ಒಂದು ಮಾತು, ಬೇಜಾರು ಮಾಡಿಕೊಳ್ಳಬೇಡಿ. ಎರಡು ಗಂಟೆ ಎಂಜಿನ್ ಇಲ್ಲದ ಕಯಾಕ್‌ಗಾಗಿ ಮೂರು ಜನ ಕಾರಿನಲ್ಲಿ ಹೋಗಿ ಬರಲು ಎಂಟುನೂರು ಕಿ.ಮೀ. ಪೆಟ್ರೋಲ್ ಸುಟ್ಟರೆ ಉಳಿಸಿದ್ದೆಲ್ಲ ಶಿರಾಡಿ ಘಾಟಿಯಲ್ಲೇ ಖರ್ಚಾಗಿರುತ್ತದೆ. ಪಂಚಗಂಗಾ ಎಕ್ಸ್‌ಪ್ರೆಸ್ ರೈಲು ಸಂಜೆ ಬೆಂಗಳೂರು ಬಿಟ್ಟು ಬೆಳಗಾಗುವಷ್ಟರಲ್ಲಿ ಉಡುಪಿ, ಕುಂದಾಪುರ ಮುಟ್ಟಿಸುತ್ತದೆ. ಅಲ್ಲಿಂದ ಸಾಲಿಗ್ರಾಮಕ್ಕೆ ಹೆದ್ದಾರಿ ಬಸ್ಸುಗಳು ಸಿಗುತ್ತಲೇ ಇರುತ್ತವೆ.

ಡಿಸೆಂಬರ್ ಒಳ್ಳೆಯ ಕಾಲ. ಮಳೆಗಾಲದಲ್ಲಿ ಯಾರಾದರೂ ಕರೆದರೂ ಹೋಗಬೇಡಿ, ಕೆಂಪು ನೀರಿನ ಸೆಳೆತ ಬೇರೆ ಥರ ಇರುತ್ತದೆ. ತುಂಬುತೋಳಿನ ತೆಳು ಅಂಗಿ, ಹಿಂದೆ ಪಟ್ಟಿ ಇರುವ ಚಪ್ಪಲಿ, ಬದಲಿಸಲು ಇನ್ನೊಂದು ಜೊತೆ ಬಟ್ಟೆ. ಕೂತ ಜಾಗ ಒದ್ದೆಯಾಗದೆ ವಾಪಸ್ ಬಂದವರನ್ನು ನಾನು ನೋಡಿಲ್ಲ. ಅಮ್ಮ ಬಸ್ಸಿನಲ್ಲಿ ಕುಂದಾಪುರದವರೆಗೆ ನಿಂತುಕೊಂಡೇ ಬಂದಳು, ಸೀಟು ಕೊಟ್ಟವರಿಗೆ ಕಾರಣ ಹೇಳಲು ನಾಚಿಕೆಯಾಗಿ.