ಎಣ್ಣೆ ಕುಡಿದ ನೆಲಕ್ಕೆ ಆಸಿಡ್ ಮದ್ದಲ್ಲ

ಪ್ರಶ್ನೆ: ಚಿಕ್ಕಮಗಳೂರಿನ ಕೈಮರದ ಕಡೆ ನನ್ನದೊಂದು ಜೀಪ್ ಗ್ಯಾರೇಜ್ ಇದೆ. 12 ವರ್ಷದ ಕಾಂಕ್ರೀಟ್ ನೆಲ ಆಯಿಲ್, ಗ್ರೀಸ್ ಬಿದ್ದು ಕರ್ರಗಾಗಿದೆ. ಮಳೆಗಾಲದಲ್ಲಿ ಹುಡುಗರು ಜಾರಿ ಬೀಳುತ್ತಾರೆ. ಪೆಟ್ರೋಲ್ ಹಾಕಿ ಉಜ್ಜಿಸಿದೆ, ಬಾತ್‌ರೂಮ್ ಆಸಿಡ್ ಸುರಿಸಿದೆ. ಕಲೆ ಹೋಗಲಿಲ್ಲ, ನೆಲವೇ ಪುಡಿ ಏಳುತ್ತಿದೆ. ಮೇಲೆ ಎಪಾಕ್ಸಿ ಬಣ್ಣ ಬಳಿಸಿಬಿಡಲೇ?

ಉತ್ತರ: ಈಗಲೇ ಬೇಡ. ಮೊದಲು ಆ ಆಸಿಡ್ ಬಾಟಲಿ ಎತ್ತಿಡಿ. ಆಸಿಡ್ ತಿನ್ನುವುದು ಸಿಮೆಂಟನ್ನು, ಎಣ್ಣೆಯನ್ನಲ್ಲ. ಪುಡಿ ಏಳುತ್ತಿರುವುದು ಅದಕ್ಕೇ. ಪೆಟ್ರೋಲ್ ಇನ್ನೂ ಅಪಾಯ. ಅದರ ಆವಿ ಗಾಳಿಗಿಂತ ಭಾರ, ನಿಮ್ಮ ಸರ್ವಿಸ್ ಗುಂಡಿಯೊಳಗೆ ಇಳಿದು ಕೂರುತ್ತದೆ. ಒಂದು ಕಿಡಿ ಸಾಕು. ಸಾಲದ್ದಕ್ಕೆ ಅದು ಎಣ್ಣೆಯನ್ನು ತೆಳುಮಾಡಿ ಕಾಂಕ್ರೀಟಿನ ಸಣ್ಣ ರಂಧ್ರಗಳೊಳಗೆ ಮತ್ತಷ್ಟು ಕೆಳಗಿಳಿಸುತ್ತದೆ. ನೀವು ಮಾಡಬೇಕಿರುವುದು ಎಣ್ಣೆಯನ್ನು ಮೇಲಕ್ಕೆಳೆಯುವ ಕೆಲಸ.

ಗಟ್ಟಿಯಾದ ಗ್ರೀಸನ್ನು ಕರಣೆಯಿಂದ ಕೆರೆದು ತೆಗೆಯಿರಿ. 10 ಲೀಟರ್ ಬಿಸಿನೀರಿಗೆ ಅರ್ಧ ಕೆಜಿ ವಾಷಿಂಗ್ ಸೋಡಾ, ಒಂದು ಹಿಡಿ ಬಟ್ಟೆ ಸೋಪಿನ ಪುಡಿ ಬೆರೆಸಿ ಸುರಿದು, ಇಪ್ಪತ್ತು ನಿಮಿಷ ನೆನೆಯಲು ಬಿಡಿ. ಅವಸರ ಪಟ್ಟರೆ ಫಲವಿಲ್ಲ. ಆಮೇಲೆ ಗಟ್ಟಿ ನೈಲಾನ್ ಬ್ರಷ್ಷಿನಿಂದ ಉಜ್ಜಿ. ಕೈಗವಸು ಇರಲಿ. ಅಡುಗೆ ಎಣ್ಣೆಯಾದರೆ ಕಾಸ್ಟಿಕ್ ಸೋಡಾ ಅದನ್ನು ಸೋಪಾಗಿಸುತ್ತದೆ. ಎಂಜಿನ್ ಆಯಿಲ್ ಖನಿಜ ತೈಲ, ಅದು ಸೋಪಾಗುವುದಿಲ್ಲ, ಸೋಪು ಅದನ್ನು ಹಿಡಿದೆತ್ತಬೇಕು ಅಷ್ಟೆ. ಹಾಗಾಗಿ ವಾಷಿಂಗ್ ಸೋಡಾ ಮಾತ್ರ ಹಾಕಿ ಸೋಪು ಬಿಟ್ಟರೆ ಅರ್ಧ ಕೆಲಸ.

ಆಳಕ್ಕಿಳಿದ ಹಳೇ ಕಲೆಗೆ ಲೇಪ ಹಾಕಿ. ಸೀಮೆಸುಣ್ಣದ ಪುಡಿಯನ್ನು, ಪೇಂಟ್ ತೆಳುಮಾಡಲು ಬಳಸುವ ಮಿನರಲ್ ಟರ್ಪೆಂಟೈನಿನಲ್ಲಿ ದೋಸೆ ಹಿಟ್ಟಿಗಿಂತ ಗಟ್ಟಿಯಾಗಿ ಕಲಸಿ, ಕಲೆಯ ಮೇಲೆ ಅರ್ಧ ಇಂಚು ಹರಡಿ, ಪ್ಲಾಸ್ಟಿಕ್ ಶೀಟ್ ಹೊದಿಸಿ ಒಂದು ದಿನ ಬಿಡಿ. ಮಾರನೇ ದಿನ ಶೀಟ್ ತೆಗೆದರೆ, ಟರ್ಪೆಂಟೈನ್ ಆರುತ್ತಾ ಪುಡಿ ಎಣ್ಣೆಯನ್ನು ಹೀರುತ್ತದೆ. ಬಾಗಿಲು ತೆರೆದಿರಲಿ, ವೆಲ್ಡಿಂಗ್ ನಿಂತಿರಲಿ. ಎರಡು ಮೂರು ಸಲ ಬೇಕಾದೀತು. ಕಪ್ಪು ನೆರಳು ಉಳಿದರೆ ಉಳಿಯಲಿ. ಗ್ಯಾರೇಜ್ ನೆಲ ಕನ್ನಡಿಯಂತೆ ಹೊಳೆಯಬೇಕಿಲ್ಲ, ಜಾರದಿದ್ದರೆ ಸಾಕು.

ಹೊಸದಾಗಿ ಚೆಲ್ಲಿದ್ದಕ್ಕೆ ನೀರು ಹಾಕಲೇಬೇಡಿ, ಹರಡುತ್ತದೆ. ಸಾಮಿಲ್ಲಿನ ಮರದ ಪುಡಿ ಉದುರಿಸಿ, ಪೊರಕೆಯಿಂದ ಉಜ್ಜಿ ಗುಡಿಸಿ. ಭತ್ತದ ಹೊಟ್ಟು ಅಷ್ಟು ಹೀರುವುದಿಲ್ಲ. ನೆನೆದ ಪುಡಿ ಬೆಂಕಿ ಬೇಗ ಹಿಡಿಯುವಂಥದ್ದು, ಮುಚ್ಚಳವಿರುವ ತಗಡಿನ ಡಬ್ಬದಲ್ಲಿಡಿ. ತೊಳೆದ ನೀರನ್ನು ರಸ್ತೆ ಚರಂಡಿಗೆ ಬಿಡುವವರಿಗೆ ಒಂದು ಮಾತು: ನಮ್ಮೂರ ಕಡೆಯ ಯಗಚಿ ಬೇಲೂರಿನ ಅಣೆಕಟ್ಟೆ ಸೇರಿ, ಮುಂದೆ ಹೇಮಾವತಿಗೆ ಹೋಗುತ್ತದೆ. ಬಕೆಟ್ಟಿನಲ್ಲಿ ಹಿಡಿದು, ಮೇಲೆ ತೇಲಿದ ಎಣ್ಣೆಯನ್ನು ವೇಸ್ಟ್ ಆಯಿಲ್ ಡ್ರಮ್ಮಿಗೆ ಹಾಕಿ. 2016ರ ನಿಯಮದಂತೆ ಅದು ಅಪಾಯಕಾರಿ ತ್ಯಾಜ್ಯ, ನೋಂದಾಯಿತ ಮರುಬಳಕೆದಾರರಿಗೇ ಹೋಗಬೇಕು.

ಎಪಾಕ್ಸಿ ವಿಷಯ: ನೆಲ ಒಣಗಿದ ಮೇಲೆ ಅಲ್ಲಲ್ಲಿ ಹನಿ ನೀರು ಬಿಟ್ಟು ನೋಡಿ. ಕೆಸುವಿನೆಲೆಯ ಮೇಲಿನಂತೆ ಗುಂಡಗೆ ನಿಂತರೆ ಎಣ್ಣೆ ಇನ್ನೂ ಇದೆ, ಬಣ್ಣ ಸಿಪ್ಪೆಯಂತೆ ಏಳುತ್ತದೆ. ನೆಲ ನೀರನ್ನು ಹೀರಿ ಕಪ್ಪಾದರೆ ಸರಿ. ಪುಡಿ ಏಳುವ ಪದರವನ್ನು ಗ್ರೈಂಡ್ ಮಾಡಿಸಿ. ನಮ್ಮ ಮಳೆ ಗೊತ್ತಲ್ಲ, ಜನವರಿಗೆ ಇಟ್ಟುಕೊಳ್ಳಿ. ಬಳಿಸುವಾಗ ಮೇಲಿನ ಕೋಟಿಗೆ ಸಣ್ಣ ಮರಳು ಉದುರಿಸಲು ಹೇಳಿ, ಇಲ್ಲದಿದ್ದರೆ ಹುಡುಗರು ಹೊಸ ನೆಲದಲ್ಲಿ ಇನ್ನೂ ಚೆನ್ನಾಗಿ ಜಾರುತ್ತಾರೆ.